ಹಗ್ಗದವನ ತೇಲುಬೇನೆ

ಶಿಷ್ಯನೊಬ್ಬ ಕೇಳಿದ: "ಗುರುಗಳೇ, ಯಾರ ಹಂಗಿನಲ್ಲೂ ಇಲ್ಲದೆ ಬದುಕುವವನಲ್ಲವೇ ಎಲ್ಲರಿಗಿಂತ ದೊಡ್ಡವನು?"

ಕೇಳಿದವನು ಆಶ್ರಮದಲ್ಲಿ ಎಲ್ಲರ ಕೆಲಸವನ್ನೂ ಮಾಡಿಕೊಡುತ್ತಿದ್ದವನು. ಎಲ್ಲರ ಎಂಜಲೆಲೆ ಎತ್ತುತ್ತಿದ್ದ, ಎಲ್ಲರ ಬಟ್ಟೆ ಒಗೆಯುತ್ತಿದ್ದ. ತನ್ನ ಎಲೆಯನ್ನು ಮಾತ್ರ ಯಾರಿಗೂ ಮುಟ್ಟಗೊಡುತ್ತಿರಲಿಲ್ಲ. ಮೂರು ದಿನಗಳಿಂದ ಅವನ ಹಿಮ್ಮಡಿಯಲ್ಲಿ ಒಂದು ಜಾಲಿಮುಳ್ಳು ಮುರಿದುಕೊಂಡಿತ್ತು. ಹಿಮ್ಮಡಿಯ ಮುಳ್ಳನ್ನು ತಾನೇ ತೆಗೆದುಕೊಳ್ಳುವುದು ಕಷ್ಟ. ಕಣ್ಣಿಗೆ ಕಂಡರೆ ಕೈಗೆ ಎಟುಕುವುದಿಲ್ಲ, ಕೈಗೆ ಎಟುಕಿದರೆ ಕಣ್ಣಿಗೆ ಕಾಣುವುದಿಲ್ಲ. ಜೊತೆಯವರು ತೆಗೆಯುತ್ತೇವೆಂದರು. ಅವನು ಬೇಡವೆಂದ. ಈಗಲೂ ಕುಂಟುತ್ತಲೇ ಬಂದು, ಗುರುವಿನ ಮುಂದೆ ಕಾಲು ಮಡಿಸಿ ಕುಳಿತು ಈ ಪ್ರಶ್ನೆ ಕೇಳಿದ್ದ.

ಗುರು ಅವನ ಕಾಲನ್ನು ನೋಡಿದರು. ಆದರೆ ಕಾಲಿನ ಮಾತೆತ್ತಲಿಲ್ಲ. "ಎಲರೂರಿನ ಹಗ್ಗದವನ ಕತೆ ಕೇಳಿದ್ದೀಯಾ?" ಎಂದರು.

"ಇಲ್ಲ."

"ಹಾಗಾದರೆ ಕೇಳು," ಎಂದು ಹೇಳತೊಡಗಿದರು.

ಎಲರೂರು ಬೆಟ್ಟದ ನೆತ್ತಿಯ ಮೇಲಿನ ಊರು. ಎಲರು ಎಂದರೆ ಗಾಳಿ. ಊರಿಗೆ ಆ ಹೆಸರು ಸುಮ್ಮನೆ ಬಂದದ್ದಲ್ಲ. ಆಷಾಢ ಬಂತೆಂದರೆ ಅಲ್ಲಿ ಒಣಹಾಕಿದ ಪಂಚೆಯನ್ನು ಹುಡುಕಿಕೊಂಡು ಮೂರು ಊರು ಅಲೆಯಬೇಕು.

ಆ ಊರಿನ ಕಾಯಿಲೆಗಳು ನಮ್ಮ ಕಾಯಿಲೆಗಳ ಹಾಗಲ್ಲ. ಅಲ್ಲಿ ಮನುಷ್ಯನಿಗೆ ನೆಗಡಿಯಾಗುವುದಿಲ್ಲ, ಅವನ ನೆರಳಿಗೆ ಆಗುತ್ತದೆ. ನೆರಳು ಮನೆಯಲ್ಲಿ ಕಂಬಳಿ ಹೊದ್ದು ಮಲಗಿರುತ್ತದೆ, ಅವನೊಬ್ಬನೇ ಸಂತೆಗೆ ಹೋಗಿಬರುತ್ತಾನೆ. ಸದಾ ಗೊಣಗುವವರ ಮೀಸೆಯಲ್ಲಿ ಗರಿಕೆ ಹುಟ್ಟುತ್ತದೆ. ಎರಡು ದಿನ ಬಾಯಿ ಮುಚ್ಚಿಕೊಂಡಿದ್ದರೆ ತಾನೇ ಉದುರುತ್ತದೆ. ಇವಕ್ಕೆಲ್ಲ ಅಲ್ಲಿ ಯಾರೂ ಹೆದರುವುದಿಲ್ಲ. ಹೆದರುತ್ತಿದ್ದುದು ಒಂದೇ ಒಂದಕ್ಕೆ. ಅದು ತೇಲುಬೇನೆ. ತೇಲುಬೇನೆ ಬಂದವನ ಕಾಲು ನೆಲವನ್ನು ಬಿಡುತ್ತದೆ. ಮೊದಲು ರಾಗಿಕಾಳಿನಷ್ಟು, ಆಮೇಲೆ ಬೆರಳಷ್ಟು, ಆಮೇಲೆ ಗೇಣು, ಆಮೇಲೆ ಮೊಳ. ನೋವಿಲ್ಲ, ಜ್ವರವಿಲ್ಲ. ಕಾಲು ಮಾತ್ರ ನೆಲದ ಮೇಲಿಲ್ಲ.

ಆ ಊರಿನಲ್ಲಿ ಒಬ್ಬ ಹಗ್ಗ ಹೊಸೆಯುವವನಿದ್ದ. ಊರಿನ ಬಾವಿಯ ಹಗ್ಗಗಳೆಲ್ಲ ಅವನು ಹೊಸೆದವು. ತೊಟ್ಟಿಲ ಹಗ್ಗ, ದನದ ಹಗ್ಗ, ಹೊರೆಯ ಹಗ್ಗ ಎಲ್ಲ ಅವನವೇ. ಬಡವರಿಗೆ ಸುಮ್ಮನೆ ಕೊಡುತ್ತಿದ್ದ. ಕೇಳಿದವರಿಗೆ ಇಲ್ಲವೆಂದವನಲ್ಲ. ಆದರೆ ಯಾರಿಂದಲೂ ಏನನ್ನೂ ತೆಗೆದುಕೊಳ್ಳುತ್ತಿರಲಿಲ್ಲ. ಅದಕ್ಕೊಂದು ಕಾರಣವಿತ್ತು. ಅವನು ಚಿಕ್ಕವನಿದ್ದಾಗ ಅವನ ತಾಯಿ ನೆಂಟರ ಮನೆಯಿಂದ ಒಂದು ತಂಬಿಗೆ ಮಜ್ಜಿಗೆ ತಂದಿದ್ದಳು. ಆ ನೆಂಟರು ಆ ಮಜ್ಜಿಗೆಯನ್ನು ಮುಂದೆ ಹನ್ನೊಂದು ಮದುವೆಗಳಲ್ಲಿ ಎಲ್ಲರೆದುರು ನೆನಪಿಸಿದರು. ಹನ್ನೊಂದನೆಯ ಮದುವೆಯಲ್ಲಿ ತಾಯಿ ಊಟ ಬಿಟ್ಟು ಎದ್ದುಬಂದದ್ದನ್ನು ಅವನು ಕಂಡಿದ್ದ. ಅಂದಿನಿಂದ ಅವನದು ಈ ವ್ರತ.

ಎಲರೂರಿನಲ್ಲಿ ಒಂದು ರೂಢಿ ಇತ್ತು. ಇದನ್ನು ಹೇಳದಿದ್ದರೆ ಮುಂದಿನದು ತಿಳಿಯುವುದಿಲ್ಲ, ಅದಕ್ಕೆ ಹೇಳುತ್ತಿದ್ದೇನೆ. ಮನೆಯಲ್ಲಿ ಏನಾದರೂ ರುಚಿಯಾದದ್ದು ಮಾಡಿದರೆ ಒಂದು ಬಟ್ಟಲಿಗೆ ಹಾಕಿ ನೆರೆಮನೆಗೆ ಕೊಡುತ್ತಾರೆ. ಆ ಬಟ್ಟಲನ್ನು ಬರಿದಾಗಿ ಹಿಂದಿರುಗಿಸಬಾರದು. ತಮ್ಮ ಮನೆಯಲ್ಲೂ ರುಚಿಯಾದದ್ದು ಮಾಡಿದ ದಿನ ತುಂಬಿಸಿ ಕೊಡಬೇಕು. ಆ ದಿನ ಯಾವಾಗ ಬರುತ್ತದೋ ಆಗ ಬರಲಿ, ಅವಸರವಿಲ್ಲ. ಹೀಗಾಗಿ ಒಬ್ಬರ ಬಟ್ಟಲು ಇನ್ನೊಬ್ಬರ ಗೂಡಿನಲ್ಲಿ ತಿಂಗಳುಗಟ್ಟಲೆ ಕುಳಿತಿರುತ್ತಿತ್ತು. ಯಾವುದು ನಮ್ಮದು, ಯಾವುದು ಅವರದು ಎಂಬುದು ಎಷ್ಟೋ ಮನೆಗಳಲ್ಲಿ ಮರೆತೇಹೋಗಿತ್ತು.

ಹಗ್ಗದವನ ಮನೆ ಮಾತ್ರ ಹಾಗಲ್ಲ. ಬಟ್ಟಲು ಬಂದರೆ ಅದರ ಬಿಸಿ ಆರುವ ಮೊದಲೇ ಹಿಂದಿರುಗುತ್ತಿತ್ತು. ಒಂದು ಕಡುಬು ಬಂದರೆ ನಾಲ್ಕು ಬೆಲ್ಲದಚ್ಚು ಹೋಗುತ್ತಿತ್ತು. "ನನ್ನ ಮನೆಯಲ್ಲಿ ಪರರದು ಒಂದು ಸೌಟೂ ಇಲ್ಲ" ಎಂದು ಅವನು ಎದೆಯುಬ್ಬಿಸಿ ಹೇಳುತ್ತಿದ್ದ. ಹೆಂಡತಿ ಮುದ್ದೆ ಬಡಿಸಿದರೆ ಅದಕ್ಕೂ ಎರಡು ಕೊಡ ನೀರು ಸೇದಿಟ್ಟು ತೀರಿಸುತ್ತಿದ್ದ.

ಒಂದು ಬೆಳಗ್ಗೆ ಅವನು ಜಗಲಿಯಲ್ಲಿ ನಿಂತು ನಾರು ಹೊಸೆಯುತ್ತಿದ್ದ. ಹೆಂಡತಿ ಸಾಕವ್ವ ಕಸ ಗುಡಿಸುತ್ತ ಬಂದಳು. ದಿನವೂ ಅವಳು "ಕಾಲೆತ್ತಿ" ಎನ್ನಬೇಕಿತ್ತು. ಅಂದು ಹೇಳುವ ಮೊದಲೇ ಪೊರಕೆ ಅವನ ಅಂಗಾಲಿನ ಕೆಳಗೆ ಸಲೀಸಾಗಿ ಹಾದು ಆಚೆ ಬಂತು. ಅವಳು ಇನ್ನೊಮ್ಮೆ ಗುಡಿಸಿ ನೋಡಿದಳು. ಮತ್ತೆ ಹಾಯಿತು.

"ಏನ್ರೀ, ಇವತ್ತು ಹೇಳೋಕೆ ಮುಂಚೇನೇ ಕಾಲೆತ್ತಿದ್ದೀರಲ್ಲ. ಮದುವೆಯಾಗಿ ಇಪ್ಪತ್ತು ವರ್ಷಕ್ಕಾದರೂ ಬುದ್ಧಿ ಬಂತು."

"ನಾನೆಲ್ಲಿ ಎತ್ತಿದೆ? ನಿಂತಿದ್ದೀನಲ್ಲ," ಎಂದು ಅವನು ಕೆಳಗೆ ನೋಡಿದ. ನಿಂತಿರಲಿಲ್ಲ.

ಅವನು ಯಾರನ್ನೂ ಕರೆಯಲಿಲ್ಲ. ಯಾರನ್ನಾದರೂ ಕರೆದರೆ ಅದೂ ಒಂದು ಹಂಗು. ತಾನೇ ಕಬ್ಬಿಣದ ಪಟ್ಟಿ ಬಡಿದು ಭಾರದ ಮೆಟ್ಟು ಮಾಡಿಕೊಂಡ. ಮೆಟ್ಟು ಕಾಲಿಗೇರಿದ ಕೂಡಲೇ ಹತ್ತಿಯ ಹಾಗೆ ಹಗುರಾಯಿತು. ತನ್ನ ಮನೆಯ ರುಬ್ಬುಗುಂಡನ್ನು ಸೊಂಟಕ್ಕೆ ಕಟ್ಟಿಕೊಂಡ. ರುಬ್ಬುಗುಂಡೂ ಅವನ ಪಕ್ಕದಲ್ಲಿ ಸಾಕಿದ ನಾಯಿಯಂತೆ ತೇಲುತ್ತ ಬಂತು. ಕೊನೆಗೆ ತಾನೇ ಹೊಸೆದ ಹಗ್ಗದಿಂದ ತನ್ನನ್ನು ತನ್ನ ಮಂಚಕ್ಕೆ ಬಿಗಿದುಕೊಂಡ. ಮಧ್ಯಾಹ್ನ ಸಾಕವ್ವ ಊಟಕ್ಕೆ ಕರೆಯಲು ಒಳಗೆ ಬಂದರೆ ಮಂಚದ ಕಾಲುಗಳು ಅವಳ ಮೂಗಿನ ಮಟ್ಟದಲ್ಲಿದ್ದವು.

ಅವಳು ಅವನ ಮಾತು ಕೇಳದೆ ಹೋಗಿ ಮದ್ದಿನ ಮಾಚವ್ವನನ್ನು ಕರೆತಂದಳು. ಮಾಚವ್ವ ಊರಿನ ವೈದ್ಯೆ. ಅವಳು ನಾಡಿ ಹಿಡಿಯಲಿಲ್ಲ. ಅವನನ್ನು ಮಂಚದಿಂದ ಬಿಚ್ಚಿಸಿ, ಹಿಮ್ಮಡಿಗೂ ನೆಲಕ್ಕೂ ನಡುವೆ ಗೇಣು ಹಾಕಿ ಅಳೆದಳು. ಆಮೇಲೆ ನೇರವಾಗಿ ಅಡುಗೆಮನೆಗೆ ಹೋಗಿ ಗೂಡಿನಲ್ಲಿದ್ದ ಪಾತ್ರೆಗಳನ್ನು ಒಂದೊಂದಾಗಿ ತಿರುಗಿಸಿ ನೋಡಿದಳು.

"ಎಲ್ಲಾ ನಿಮ್ಮವೇನೋ?"

"ಎಲ್ಲಾ ನಮ್ಮವೇ," ಎಂದ ಹಗ್ಗದವನು, ಆ ಸ್ಥಿತಿಯಲ್ಲೂ ಹೆಮ್ಮೆಯಿಂದ. ಹೇಳಿದ ಕೂಡಲೇ ಇನ್ನೊಂದು ಬೆರಳು ಮೇಲೇರಿದ.

"ನೋಡಿದೆಯಾ? ಇದೇ ರೋಗ," ಎಂದಳು ಮಾಚವ್ವ. "ಮನುಷ್ಯನ್ನ ನೆಲದ ಮೇಲೆ ಹಿಡಿದಿಡೋದು ಅವನ ಮೈಭಾರ ಅಂದುಕೊಂಡಿದ್ದೀಯಾ? ಬೇರೆಯವರು ಕೊಟ್ಟಿದ್ದರ ಭಾರ ಕಣೋ ಅದು. ಅದನ್ನೆಲ್ಲ ತೀರಿಸಿ ಕೂತವನನ್ನ ನೆಲ ಯಾಕೆ ಹಿಡ್ಕೊಳ್ಳುತ್ತೆ? ನಿನ್ನ ಕಲ್ಲನ್ನ ನೀನೇ ಕಟ್ಟಿಕೊಂಡರೆ ಅದೂ ನಿನ್ನ ಹಾಗೇ ಹಗುರ."

"ಮದ್ದು ಹೇಳವ್ವ."

"ಯಾರ ಹತ್ತಿರವಾದರೂ ಏನಾದರೂ ಇಸ್ಕೊ. ತೀರಿಸಬೇಡ. ಅಷ್ಟೇ ಮದ್ದು."

"ಇಷ್ಟೇನಾ!" ಎಂದು ಅವನು ನಕ್ಕ.

"ಇಷ್ಟೇ. ಆದರೆ ಬೇಗ. ಆಷಾಢದ ಗಾಳಿಗೆ ಇನ್ನು ಎಂಟೇ ದಿನ. ನಮ್ಮಜ್ಜಿಯ ಕಾಲದಲ್ಲಿ ಒಬ್ಬ ಪಟೇಲ ಹೀಗೇ ತೇಲಿಕೊಂಡು ಹೋದ. ಅವನ ರುಮಾಲು ಮಾತ್ರ ವಾಪಸ್ ಬಂತು."

ಸಾಕವ್ವ ಗಂಡನ ಪಂಚೆಯನ್ನು ಹಿಡಿದುಕೊಂಡಳು. ಹಗ್ಗದವನ ನಗುವೂ ನಿಂತಿತು.

ಎದುರುಮನೆಯಲ್ಲಿ ದ್ಯಾವಮ್ಮಜ್ಜಿ ಎಂಬ ಮುದುಕಿ ಇದ್ದಳು. ಅವಳಿಗಿದ್ದದ್ದು ಒಂದು ಕೋಣೆ, ಒಂದು ಬಾವಿ, ಒಂದೇ ಒಂದು ಹಿತ್ತಾಳೆ ಬಟ್ಟಲು. ಸಾಕವ್ವ ಗಂಡನ ಪಂಚೆಯ ತುದಿ ಹಿಡಿದು ಅಲ್ಲಿಗೆ ಎಳೆದುಕೊಂಡು ಹೋದಳು. ಅಜ್ಜಿ ಏನನ್ನೂ ಕೇಳದೆ ಆ ಬಟ್ಟಲಿನ ತುಂಬ ಅಂಬಲಿ ಹುಯ್ದು ಕೊಟ್ಟಳು. ಅವನು ಎರಡೂ ಕೈಯಲ್ಲಿ ತೆಗೆದುಕೊಂಡ. ಕೂಡಲೇ ಅಂಗಾಲಿಗೆ ನೆಲ ತಾಗಿತು. ನೆಲ ತಣ್ಣಗಿತ್ತು. ಇಷ್ಟು ದಿನ ತುಳಿದೂ ಅವನು ಅದನ್ನು ಗಮನಿಸಿರಲಿಲ್ಲ. ಅಂಬಲಿ ಕುಡಿದು, ಬಟ್ಟಲು ಹಿಡಿದು, ದಪದಪ ಹೆಜ್ಜೆ ಹಾಕುತ್ತ ಮನೆಗೆ ನಡೆದ. ಸಾಕವ್ವ ಆ ಸಪ್ಪಳ ಕೇಳಿಯೇ ಕಣ್ಣೊರೆಸಿಕೊಂಡಳು.

ಬಟ್ಟಲನ್ನು ಗೂಡಿನಲ್ಲಿಟ್ಟರು. ಅವನು ಹಗ್ಗ ಹೊಸೆಯಲು ಕುಳಿತ. ಕುಳಿತಲ್ಲಿಂದ ಗೂಡು ಕಾಣುತ್ತಿತ್ತು. ಬಟ್ಟಲು ತನ್ನನ್ನೇ ನೋಡುತ್ತಿದೆ ಎನಿಸಿತು. ಬೆನ್ನು ತಿರುಗಿಸಿ ಕುಳಿತ. ಈಗ ಬೆನ್ನನ್ನು ನೋಡುತ್ತಿದೆ ಎನಿಸಿತು. ಅಜ್ಜಿಗೆ ಇರುವುದು ಅದೊಂದೇ ಬಟ್ಟಲಲ್ಲವೇ, ಅವಳು ಯಾತರಲ್ಲಿ ಉಣ್ಣುತ್ತಾಳೆ, ನಾಳೆ ನಾಲ್ಕು ಜನರೆದುರು ಏನೆನ್ನುತ್ತಾಳೆ, ಹನ್ನೊಂದು ಮದುವೆ, ಹನ್ನೊಂದು ಮದುವೆ. ಹೊತ್ತು ಮುಳುಗುವುದರೊಳಗೆ ಅವನಿಂದ ತಡೆಯಲಾಗಲಿಲ್ಲ. ಬಟ್ಟಲಿಗೆ ಬೆಲ್ಲ ತುಂಬಿ, ಮೇಲೊಂದು ಹೊಸ ಹಗ್ಗದ ಸುರುಳಿ ಇಟ್ಟು ಕೊಟ್ಟುಬಂದ. ಹೋಗುವಾಗ ನಡೆದು ಹೋದ. ಬರುವಾಗ ತೇಲಿ ಬಂದ.

ಬೆಳಗ್ಗೆ ಮಾಚವ್ವ ಬಂದು ನೋಡಿ ಹಣೆ ಚಚ್ಚಿಕೊಂಡಳು. "ಅಯ್ಯೋ ಪುಣ್ಯಾತ್ಮ! ಕುಡಿದ ಮದ್ದನ್ನ ಕಕ್ಕಿಬಿಟ್ಟೆಯಲ್ಲೋ!"

ಸುದ್ದಿ ಊರಿಗೆಲ್ಲ ಹಬ್ಬಿತು. ಎಲರೂರಿನವರು ಒಳ್ಳೆಯವರು. ಮನೆಗೊಂದು ಬಟ್ಟಲಿನಂತೆ ತಂದು ಕೊಟ್ಟರು. ಹುಳಿ, ಪಾಯಸ, ಹುರಿಗಡಲೆ, ಒಬ್ಬರಂತೂ ಬರೀ ಉಪ್ಪು. ಅವನು ಪ್ರತಿಯೊಂದನ್ನೂ ತೆಗೆದುಕೊಂಡು ನೆಲಕ್ಕಿಳಿಯುತ್ತಿದ್ದ, ಅವರು ಬೀದಿಯ ತಿರುವು ದಾಟುವುದರೊಳಗೆ ಎರಡರಷ್ಟು ಕೊಟ್ಟು ಮೇಲೇರುತ್ತಿದ್ದ. ನಾಲ್ಕನೆಯ ದಿನದ ಹೊತ್ತಿಗೆ ಒಂದು ಹಿಡಿ ಉಪ್ಪು ಕೊಟ್ಟರೆ ಎರಡು ಅಚ್ಚು ಬೆಲ್ಲ ಗ್ಯಾರಂಟಿ ಎಂದು ಎಲ್ಲರಿಗೂ ತಿಳಿದುಹೋಯಿತು. ಬೆಲ್ಲ ಬೇಕಾದವರು ಉಪ್ಪು ಹಿಡಿದು ಸಾಲಿನಲ್ಲಿ ನಿಂತರು.

"ಹಗ್ಗದಣ್ಣ, ನೀನು ಹುಷಾರಾಗಬೇಡಪ್ಪ," ಎಂದ ಸಾಲಿನಲ್ಲಿದ್ದ ಒಬ್ಬ. "ಹಬ್ಬದ ಹೋಳಿಗೆಗೆ ಇನ್ನೂ ಎರಡಚ್ಚು ಬೇಕು."

"ನಿನ್ನ ನಾಲಗೆಗೆ ಬೆಂಕಿ ಬೀಳ," ಎಂದು ಸಾಕವ್ವ ಪೊರಕೆ ಎತ್ತಿದಳು. ಸಾಲು ಚದುರಿತು. ಅವಳು ಮೇಲೆ ನೋಡಿದಳು. ಗಂಡ ತೊಲೆಗೆ ತಲೆ ತಾಗಿಸಿಕೊಂಡು ತೇಲುತ್ತಿದ್ದ. "ಅಲ್ಲಾರೀ, ಒಂದೇ ಒಂದು ಬಟ್ಟಲು ಇಟ್ಟುಕೊಳ್ಳೋಕೆ ಆಗಲ್ವಾ ನಿಮಗೆ? ನನಗೋಸ್ಕರ?"

"ಇಟ್ಟುಕೊಂಡರೆ ಎದೆ ಮೇಲೆ ಕಲ್ಲಿಟ್ಟ ಹಾಗಾಗುತ್ತೆ ಕಣೇ."

"ಆ ಕಲ್ಲೇ ಅಲ್ವಾ ಈಗ ಬೇಕಾಗಿರೋದು!"



ಎಂಟನೆಯ ದಿನ ಮಧ್ಯಾಹ್ನ ಆಷಾಢದ ಗಾಳಿ ಬಂತು. ಬೆಟ್ಟದ ಬೆನ್ನಿನಿಂದ ಎದ್ದು, ಬೀದಿಯ ಮೇಲಿನ ತುದಿಯಿಂದ ನುಗ್ಗಿತು. ಹಗ್ಗದವನ ಮನೆಯ ಬಾಗಿಲು ದಡಾರನೆ ತೆರೆಯಿತು. ಗಾಳಿ ಅವನನ್ನು ತೊಲೆಯಿಂದ ಕಿತ್ತು, ಬಾಗಿಲಿನಿಂದ ಹೊರಗೆ ತಂದು, ಬೀದಿಯ ಮೇಲೆ ಎತ್ತಿತು. ಅವನ ಸೊಂಟದಲ್ಲಿ ಅವನೇ ಹೊಸೆದ ಉದ್ದನೆಯ ಹಗ್ಗವಿತ್ತು. ಸಾಕವ್ವ ಅದರ ತುದಿ ಹಿಡಿದಿದ್ದಳು. ಹಗ್ಗ ಗಟ್ಟಿ, ತುಂಡಾಗುವಂಥದ್ದಲ್ಲ. ಆದರೆ ಅವಳೊಬ್ಬಳ ಭಾರ ಸಾಲದು. ಗಾಳಿಪಟ ಮಗುವನ್ನು ಎಳೆದಂತೆ ಗಾಳಿ ಅವಳನ್ನು ಬೀದಿಯುದ್ದಕ್ಕೂ ಎಳೆಯಿತು. ಬೀದಿಯ ಕೊನೆಯಲ್ಲಿ ಮನೆಗಳಿಲ್ಲ. ಅಲ್ಲಿ ಬೆಟ್ಟ ಮುಗಿಯುತ್ತದೆ.

ಹೆಂಡತಿ ಹಿಡಿದುಕೊಂಡದ್ದು ಉಪಕಾರವಲ್ಲವೇ, ಅದರ ಭಾರಕ್ಕೆ ಅವನು ಇಳಿಯಬೇಕಿತ್ತಲ್ಲ ಎಂದು ನೀನು ಕೇಳಬಹುದು. ಹೌದು, ಇಳಿಯಬೇಕಿತ್ತು. ಆದರೆ ಅವನು ಮೇಲಿನಿಂದ ಕೂಗುತ್ತಿದ್ದ: "ಸಾಕವ್ವಾ, ನಾಳೆಯಿಂದ ಪಾತ್ರೆ ಪೂರ್ತಿ ನಾನೇ ತೊಳೀತೀನಿ! ವರ್ಷಕ್ಕೆರಡು ಸೀರೆ ತರ್ತೀನಿ!" ಅಂದರೆ ಆ ಉಪಕಾರವನ್ನೂ ಆಗಿಂದಾಗಲೇ ತೀರಿಸುತ್ತಿದ್ದ. ಪ್ರತಿ ಮಾತಿಗೂ ಒಂದು ಮೊಳ ಮೇಲೇರುತ್ತಿದ್ದ.

"ನಿಮ್ಮ ಸೀರೆಗಿಷ್ಟು, ಬಾಯಿ ಮುಚ್ರೀ!" ಎಂದು ಸಾಕವ್ವ ಅಳುತ್ತ ಬೈದಳು. ಅವಳ ಹಿಮ್ಮಡಿ ಮಣ್ಣಿನಲ್ಲಿ ಗೆರೆ ಎಳೆಯುತ್ತಿತ್ತು. ಅಂಚಿಗೆ ಇನ್ನು ಹತ್ತು ಮಾರು ಉಳಿದಿತ್ತು. ಅವನು ಮೇಲಿನಿಂದ ಆ ಗೆರೆಯನ್ನು ನೋಡಿದ. ಆಮೇಲೆ ಅಂಚನ್ನು ನೋಡಿದ. ಆಗ ಅವನಿಗೆ ತನ್ನ ಹೆದರಿಕೆ ಮರೆತುಹೋಗಿ ಅವಳಿಗೇನಾದೀತೋ ಎಂಬ ಹೆದರಿಕೆ ಹುಟ್ಟಿತು. "ಬಿಟ್ಟುಬಿಡೇ!" ಎಂದು ಕೂಗಿದ. ಅವಳು ಬಿಡಲಿಲ್ಲ.

ದ್ಯಾವಮ್ಮಜ್ಜಿ ಬೀದಿಯ ಕೊನೆಯಲ್ಲಿದ್ದ ತನ್ನ ಬಾವಿಯ ಕಟ್ಟೆಯ ಬಳಿ ಕೊಡ ಹಿಡಿದು ನಿಂತಿದ್ದಳು. ಅವಳ ಬಾವಿಯ ಹಗ್ಗ ಹನ್ನೆರಡು ವರ್ಷದ ಹಿಂದೆ ಹಗ್ಗದವನೇ ಕೊಟ್ಟದ್ದು. ಆದರೆ ಈಗ ಅದು ಅವನದಲ್ಲ. ಸವೆದಲ್ಲೆಲ್ಲ ಅವಳು ತನ್ನ ಹಳೆಯ ಸೀರೆಯ ಚೂರು ಸುತ್ತಿ ಹೊಲಿದಿದ್ದಳು. ಅವಳ ಅಂಗೈ ಉಜ್ಜಿ ಉಜ್ಜಿ ಅದು ಎಣ್ಣೆ ಹಚ್ಚಿದಂತೆ ಮಿನುಗುತ್ತಿತ್ತು. ಕೊಡ ಬಿಚ್ಚಿ ಎಸೆದು, ಹಗ್ಗದ ಒಂದು ತುದಿಯನ್ನು ಬಾವಿಯ ಕಂಬಕ್ಕೆ ಕಟ್ಟಿದ್ದಂತೆಯೇ ಬಿಟ್ಟು, ಇನ್ನೊಂದು ತುದಿಯನ್ನು ಅವಳು ಬೀಸಿ ಎಸೆದಳು.

"ಹಿಡಿಯೋ!"

ಹಗ್ಗ ಅವನ ಕೈಯ ಹತ್ತಿರವೇ ಬಂತು. ಅವನು ಕೈ ಚಾಚಿ, ಅರ್ಧಕ್ಕೆ ನಿಲ್ಲಿಸಿದ. "ಅಜ್ಜೀ, ಇದು ತುಂಡಾದರೆ ನಿನ್ನ ಬಾವಿಗೆ?"

"ನನ್ನ ಬಾವಿ ಎಲ್ಲಿಗೂ ಹಾರಿಹೋಗಲ್ಲ ಕಣೋ, ಹಾರಿಹೋಗ್ತಿರೋನು ನೀನು! ಹಿಡಿಯೋ ಮುಂಡೇದೇ!"

ಅವನು ಹಿಡಿದ.

ಹಿಡಿದ ಕೂಡಲೇ ಆ ಹಳೆಯ ಹಗ್ಗದ ಭಾರವೆಲ್ಲ ಅವನ ಮೈಗೆ ಬಂತು. ಮಾಗಿದ ಹಲಸಿನಹಣ್ಣು ಬಿದ್ದಂತೆ ಬೀದಿಗೆ ದೊಪ್ಪನೆ ಬಿದ್ದ. ಅವನ ಮೇಲೆ ಸಾಕವ್ವ ಬಿದ್ದಳು. ಅವನ ಮೊಣಕಾಲು ತರಚಿತು. ಎಷ್ಟೋ ದಿನದ ಮೇಲೆ ನೆಲದಿಂದ ಆದ ಗಾಯವೆಂದು ಅವನಿಗೆ ಅದೂ ಸಂತೋಷವೇ ಆಯಿತು. ಗಾಳಿ ಅವನನ್ನು ಬಿಟ್ಟು ಯಾರದೋ ಪಂಚೆಯನ್ನು ಹೊತ್ತುಕೊಂಡು ಹೋಯಿತು.

ಅವನು ಎದ್ದು ನಿಂತು ಕೈಮುಗಿದ. "ಅಜ್ಜೀ, ನಾಳೆ ಬೆಳಗ್ಗೆನೇ ನಿನಗೆ ಎರಡು ಹೊಸ ಹಗ್ಗ…" ಎಂದ. ಹಿಮ್ಮಡಿ ಒಂದು ಬೆರಳು ಮೇಲೆದ್ದಿತು.

ಬೀದಿಯವರೆಲ್ಲ ಹೌಹಾರಿದರು. ಸಾಕವ್ವ ಅವನ ಪಂಚೆಗೆ ಜೋತುಬಿದ್ದಳು. ಅಜ್ಜಿ ಅವನ ನೆತ್ತಿಗೆ ಬೆರಳಗೆಣ್ಣಿನಿಂದ ಒಂದು ಮೊಟಕಿದಳು. ಅವನು ಉಳಿದ ಮಾತನ್ನು ನುಂಗಿಕೊಂಡ. ಅದು ಗಂಟಲಿನಲ್ಲಿ ಮುದ್ದೆಯಂತೆ ನಿಂತು, ನಿಧಾನವಾಗಿ ಇಳಿಯಿತು. ಅದು ಇಳಿದ ಹಾಗೆ ಹಿಮ್ಮಡಿಯೂ ಇಳಿಯಿತು.

ಆಮೇಲೆ ಅವನು ಹುಟ್ಟಿದಂದಿನಿಂದ ಯಾರಲ್ಲೂ ಆಡದ ಮಾತೊಂದನ್ನು ಆಡಿದ.

"ಅಜ್ಜೀ, ಹಸಿವಾಗ್ತಿದೆ. ಒಂಚೂರು ಅಂಬಲಿ ಇದೆಯಾ?"

ಅಜ್ಜಿ ಬೊಚ್ಚುಬಾಯಿ ತೆರೆದು ನಕ್ಕಳು. ತನ್ನ ಒಂದೇ ಬಟ್ಟಲಿನಲ್ಲಿ ಅಂಬಲಿ ತಂದು ಕೊಟ್ಟಳು. ಅವನು ಕುಡಿದು, ಬಟ್ಟಲನ್ನು ಮನೆಗೆ ಒಯ್ದು ಗೂಡಿನಲ್ಲಿಟ್ಟ. ಅದು ಅವನನ್ನು ನೋಡಿತು. ಅವನೂ ಅದನ್ನು ನೋಡಿದ. ಎರಡು ಮೂರು ದಿನದಲ್ಲಿ ಇಬ್ಬರಿಗೂ ಅಭ್ಯಾಸವಾಯಿತು.

ಅಜ್ಜಿ ಯಾತರಲ್ಲಿ ಉಂಡಳು ಎಂದು ನೀನು ಚಿಂತಿಸಬೇಡ. ಅವಳು ಪಕ್ಕದ ಮನೆಯಿಂದ ಒಂದು ಬಟ್ಟಲು ಇಸ್ಕೊಂಡಳು. ಅವಳ ಕಾಲು ಎಂದೂ ನೆಲ ಬಿಟ್ಟದ್ದಿಲ್ಲ.

ಗುರು ಇಲ್ಲಿಗೆ ನಿಲ್ಲಿಸಿದರು. ಶಿಷ್ಯ ಕೇಳಿದ: "ಹಾಗಾದರೆ ಅವನು ಆ ಬಟ್ಟಲನ್ನು ಕೊನೆಗೂ ಹಿಂದಿರುಗಿಸಲೇ ಇಲ್ಲವೇ?"

ಗುರು ತಮ್ಮ ಆಸನದಿಂದ ಇಳಿದು ಬಂದು ಶಿಷ್ಯನ ಎದುರು ನೆಲದ ಮೇಲೆ ಕುಳಿತರು. ಉತ್ತರೀಯವನ್ನು ಮಡಿಸಿ ತೊಡೆಯ ಮೇಲೆ ಹಾಸಿಕೊಂಡರು.

"ಕಾಲನ್ನು ಇಲ್ಲಿಡು, ಮುಳ್ಳು ತೆಗೆಯುತ್ತೇನೆ," ಎಂದರು.